ಎದೆಯೊಳಗೆ ಸ್ವಲ್ಪ ಅನಾನುಕೂಲ

ಕುಷ್ಟಗಿಯಲ್ಲಿ ನನ್ನ ಸೋದರಮಾವನಷ್ಟು ದೊಡ್ಡ ಹಾಸ್ಯಗಾರ ಇನ್ನೊಬ್ಬರಿಲ್ಲ. ಇದಕ್ಕೆ ಸಾಕ್ಷಿ ಕೇಳಿದರೆ ಮಾತ್ರ ನನಗೆ ತೊಂದರೆಯಾಗುತ್ತದೆ. ಏಕೆಂದರೆ ಅವರ ಹಾಸ್ಯಕ್ಕೆ ಯಾರಾದರೂ ನಕ್ಕಿದ್ದನ್ನು ಹೋದ ಜನವರಿಯವರೆಗೆ ನಾನು ಕಂಡಿರಲಿಲ್ಲ! ಜನವರಿಯಲ್ಲಿ ಒಮ್ಮೆ ಸಭೆಗೆ ಸಭೆಯೇ ನಕ್ಕಿತು. ಅದನ್ನು ನೆನೆದರೆ ನನ್ನ ಅಂಗೈ ಇನ್ನೂ ತಣ್ಣಗಾಗುತ್ತದೆ. ಆದ್ದರಿಂದ ಅವಸರ ಮಾಡದೆ, ಕಂಡದ್ದನ್ನು ಕಂಡ ಹಾಗೆ ಹೇಳುತ್ತೇನೆ. ಮಾಮಾ ಈಗ ಚೆನ್ನಾಗಿದ್ದಾರೆ, ನಿನ್ನೆ ಫೋನಿನಲ್ಲಿ ನನ್ನ ಇಂಗ್ಲಿಷನ್ನು ತಿದ್ದಿದರು. ನೀವು ನಿಶ್ಚಿಂತೆಯಿಂದ ಓದಬಹುದು.

ಅವರು ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸಿ ನಿವೃತ್ತರಾದವರು. ಬೇರೆ ಮಾಸ್ತರರಿಗೆ ಇಂಗ್ಲಿಷ್ ಸಾಹಿತ್ಯವೆಂದರೆ ಸಾಯುವ ರಾಜರು ಮತ್ತು ಅರಳುವ ಹೂಗಳು. ಇವರಿಗೆ ಅದು ಮೊದಲಿನಿಂದ ಕೊನೆಯವರೆಗೆ ನಗೆಯ ಸಂಸಾರ. ರಾಜನ ಮುಖಕ್ಕೇ ನಿಜ ಹೇಳಿ ತಲೆ ಉಳಿಸಿಕೊಳ್ಳುವ ವಿದೂಷಕರು, ಕಾಫಿ ಅಂಗಡಿಯಲ್ಲಿ ಕೂತು ಇಡೀ ಊರನ್ನು ಕುಟುಕುವ ಪತ್ರಿಕೆಯವರು, ಒಡೆಯನಿಗಿಂತ ಜಾಣರಾದ ಅಡಿಗೆಯವರು, ಅರ್ಥವೇ ಇಲ್ಲದ ಪದ್ಯವನ್ನು ಗಂಭೀರವಾಗಿ ಬರೆದ ಗಡ್ಡದವರು! ಇವರೆಲ್ಲ ತಮ್ಮ ಬೀಗರೇನೋ ಎಂಬಂತೆ ಮಾಮಾ ಮಾತಾಡುತ್ತಿದ್ದರು.

“ವಿಟ್ ಅಂದ್ರ ಕೆಂಪು ಚಟ್ನಿ, ಹ್ಯೂಮರ್ ಅಂದ್ರ ಮೊಸರು. ಒಂದು ನಾಲಿಗಿಗೆ ಹತ್ತತೈತಿ, ಇನ್ನೊಂದು ಹೊಟ್ಟಿಗೆ ಹತ್ತತೈತಿ. ಇಂಗ್ಲಿಷರು ಎರಡೂ ಕಲಸಿ ತಿಂದ್ರು, ಅದಕ್ಕ ದಕ್ಕಿಸ್ಕೊಂಡ್ರು” ಎನ್ನುತ್ತಿದ್ದರು. ಹುಡುಗರಿಗೆ ಮಧ್ಯಾಹ್ನದ ಹಸಿವು ನೆನಪಾಗುತ್ತಿತ್ತೇ ಹೊರತು ನಗು ಬರುತ್ತಿರಲಿಲ್ಲ.

ಬರುವುದಾದರೂ ಹೇಗೆ? ಪಾಠ ಮಾಡುವಾಗ ಮಾಮಾನ ಮುಖ ಆನೆಗೊಂದಿಯ ಬಂಡೆಗಲ್ಲು. ತಮಾಷೆ ಹೇಳುವವನ ಮುಖದಲ್ಲಿ ನಗು ಕಾಣಿಸಿದರೆ ತಮಾಷೆ ಸತ್ತಂತೆ ಎಂಬುದು ಅವರ ನಂಬಿಕೆ. ಒಮ್ಮೆ ಮುಂದಿನ ಬೆಂಚಿನವನೊಬ್ಬ ಧೈರ್ಯ ಮಾಡಿ ಎದ್ದು ನಿಂತನಂತೆ.

“ಸರ್, ಇದರಾಗ ಎಲ್ಲಿ ನಗಬೇಕ್ರಿ?”

“ಅವಸರ ಇಲ್ಲಪಾ. ಮನಿಗೆ ಹೋಗಿ ನಗು.”

ಆ ಹುಡುಗ ಈಗ ಗಂಗಾವತಿಯಲ್ಲಿ ಅಕ್ಕಿಯ ವ್ಯಾಪಾರ ಮಾಡುತ್ತಾನೆ. ಇನ್ನೂ ನಗು ಬಂದಿಲ್ಲವೆಂದು ನನಗೆ ಅವನೇ ಹೇಳಿದ.

ಇಂಗ್ಲಿಷ್ ಹಾಸ್ಯದಲ್ಲಿ ಮಾಮಾನ ಮನಸ್ಸು ಪೂರ್ತಿ ಸೋತದ್ದು ಒಂದೇ ಒಂದು ವಿದ್ಯೆಗೆ. ಇದ್ದದ್ದನ್ನು ತಗ್ಗಿಸಿ ಹೇಳುವ ವಿದ್ಯೆ. ಮನೆಗೆ ಬೆಂಕಿ ಬಿದ್ದರೆ ‘ಒಳಗೆ ಸ್ವಲ್ಪ ಬೆಳಕು ಹೆಚ್ಚಾಗಿದೆ’ ಎನ್ನುವ ರೀತಿ. ಅದಕ್ಕೆ ಅವರು ಅಲ್ಪೋಕ್ತಿ ಎಂದು ಹೆಸರಿಟ್ಟಿದ್ದರು. ಆದರೆ ಈ ವಿದ್ಯೆಯನ್ನು ಅವರು ತಂದು ಬಿತ್ತಿದ್ದು ಎಂಥ ಹೊಲದಲ್ಲಿ! ನಮ್ಮ ಸೀಮೆಯಲ್ಲಿ ಬೆರಳಿಗೆ ಮುಳ್ಳು ಚುಚ್ಚಿದರೆ “ಕೈ ಹೋತವ್ವೋ” ಎನ್ನುತ್ತಾರೆ. “ಸಾಯಾಕತ್ತೀನಿ, ಲಗೂ ಬಾ” ಎಂದು ಫೋನು ಬಂದರೆ ನೆಗಡಿಯಾಗಿದೆ ಎಂದು ಅರ್ಥ. ನಾವು ಚಹಾ ಕುಡಿದು ಹೊರಡುತ್ತೇವೆ. ಕೂಗಿದಷ್ಟು ಜನ ಬರುತ್ತಾರೆ ಎಂಬುದು ಇಲ್ಲಿಯ ಲೆಕ್ಕ. ಅಂಥಲ್ಲಿ ಮಾಮಾ ಮೇ ತಿಂಗಳ ನಡು ಮಧ್ಯಾಹ್ನ, ಕಾಗೆಗಳು ಕೂಡ ಬಾಯಿ ತೆರೆದು ಕೂತಿರುವಾಗ, “ಹವಾ ಒಂದೀಟು ಬೆಚ್ಚಗ ಐತಿ” ಎನ್ನುತ್ತಿದ್ದರು.

ಒಮ್ಮೆ ಬಚ್ಚಲಿನಿಂದ ಹೊರಗೆ ಬಂದು, ಬಾಗಿಲನ್ನು ಮೆಲ್ಲಗೆ ಮುಚ್ಚಿ, ಒಲೆಯ ಮುಂದಿದ್ದ ಅತ್ತೆಗೆ ಹೇಳಿದರು: “ಬಚ್ಚಲದಾಗ ಒಬ್ಬರು ಬಂದಾರ. ಕಾಲು ಕಾಣಲಿಲ್ಲ.”

ಅತ್ತೆ ಒಂದೂ ಪ್ರಶ್ನೆ ಕೇಳದೆ ಬಡಿಗೆ ತೆಗೆದುಕೊಂಡು ಹೋದರು. ಹಾವು ಸಾಕಷ್ಟು ಉದ್ದವಿತ್ತು.

ಅತ್ತೆ ಏಳನೆಯ ಇಯತ್ತೆ ಓದಿದವರು. ಇಂಗ್ಲಿಷ್ ಸಾಹಿತ್ಯವೆಂದರೆ ಮನೆಯ ಅಟ್ಟದ ಮೇಲೆ ಧೂಳು ಹಿಡಿಯುವ ವಸ್ತು ಎಂಬುದು ಅವರ ಅಭಿಪ್ರಾಯ. ಗಂಡನ ಒಂದೇ ಒಂದು ತಮಾಷೆಗೂ ಅವರು ತುಟಿ ಬಿಚ್ಚಿದವರಲ್ಲ. “ಅವರು ನಗಸ್ತಾರಂತ ನಾ ನಕ್ಕೋಂತ ಕುಂತ್ರ ರೊಟ್ಟಿ ಬಡಿಯಾವರು ಯಾರು?” ಎನ್ನುತ್ತಿದ್ದರು.

ಸಾಣಾಪುರದ ಕೆರೆಯ ಸಂಗತಿಯನ್ನು ಹೇಳಲೇಬೇಕು, ಏಕೆಂದರೆ ಅಲ್ಲಿ ನಾನು ಪ್ರತ್ಯಕ್ಷ ಇದ್ದೆ. ನಾವೆಲ್ಲ ಹರಿಗೋಲು ಹತ್ತಿದ್ದೆವು. ನೀರಿನ ನಡುವೆ ಹರಿಗೋಲಿನವನು ಪ್ರವಾಸಿಗರಿಗೆ ಮಾಡುವಂತೆ ಅದನ್ನು ಬುಗುರಿಯ ಹಾಗೆ ತಿರುಗಿಸಿದ. ನಾವು ಚೀರಿದೆವು. ಮಾಮಾ ಮಾತ್ರ ಕೊಡೆಯನ್ನು ನೆಟ್ಟಗೆ ಹಿಡಿದು ಕುಳಿತಿದ್ದರು. ತಿರುಗುವುದು ನಿಂತಾಗ ಅವರ ಮುಖ ಎಳೆಯ ಭತ್ತದ ಬಣ್ಣಕ್ಕೆ ಬಂದಿತ್ತು.

“ಹೆಂಗಿತ್ರಿ ಸರ?” ಎಂದ ಹರಿಗೋಲಿನವನು.

“ಪ್ರಯಾಣ ಅಷ್ಟೇನ್ ನೆಟ್ಟಗ ಇರಲಿಲ್ಲ.”

“ಸರ್‌ಗೆ ಭಾಳ ಖುಷಿ ಆಗೇತಿ, ಇನ್ನೊಂದ್ ಹೊಡಿತೀನಿ!” ಎಂದು ಅವನು ಮತ್ತೆ ಹುಟ್ಟು ಎತ್ತಿದ. “ಏ, ನಿಲ್ಲಸೋ! ಅವರ ಜೀವ ಬಾಯಿಗೆ ಬಂದೈತಿ!” ಎಂದು ಅತ್ತೆ ಕೂಗಿದರು. ಅವನು ನಿಲ್ಲಿಸಿದ. ಬಾಯಿಗೆ ಬಂದದ್ದು ಜೀವವಲ್ಲ, ಬೆಳಗಿನ ಉಪ್ಪಿಟ್ಟು. ಆದರೆ ಮಾಹಿತಿಯ ದಿಕ್ಕು ಸರಿಯಾಗಿತ್ತು!

ಈಗ ಜನವರಿಗೆ ಬರುತ್ತೇನೆ.

ಯಲಬುರ್ಗಾದಲ್ಲಿ ನಿವೃತ್ತ ಮಾಸ್ತರರ ಒಂದು ಬಳಗವಿದೆ. ತಿಂಗಳಿಗೊಮ್ಮೆ ಕೂಡುತ್ತಾರೆ, ಯಾರಾದರೂ ಮಾತಾಡುತ್ತಾರೆ, ಆಮೇಲೆ ಮಂಡಕ್ಕಿ ಮಿರ್ಚಿ ತಿನ್ನುತ್ತಾರೆ. ಆ ತಿಂಗಳು ಮಾಮಾನ ಸರದಿ. ವಿಷಯ, ಇಂಗ್ಲಿಷ್ ಸಾಹಿತ್ಯದಲ್ಲಿ ಹಾಸ್ಯ; ಬೇರೇನಿರುತ್ತದೆ? ಕೊಪ್ಪಳದಲ್ಲಿರುವ ನಾನು ಕಾರು ತೆಗೆದುಕೊಂಡು ಕುಷ್ಟಗಿಗೆ ಹೋಗಿ ಇಬ್ಬರನ್ನೂ ಕೂರಿಸಿಕೊಂಡೆ. ಅತ್ತೆ ಬರಲೇಬೇಕಿತ್ತು. ಮಾಮಾನ ಭಾಷಣ ಮುಗಿಯಬೇಕಾದರೆ ಅತ್ತೆ ಹಿಂದಿನ ಸಾಲಿನಿಂದ ಎರಡು ಸಲ ಕೆಮ್ಮಬೇಕು. ಅದು ಅವರ ಮನೆಯ ಪದ್ಧತಿ.

ಭಾಷಣ ಬೆಳಿಗ್ಗೆ ಹನ್ನೊಂದರ ಸುಮಾರಿಗೆ ಶುರುವಾಯಿತು. ವಿದೂಷಕರು ಬಂದು ಹೋದರು, ಕಾಫಿ ಅಂಗಡಿಯವರು ಬಂದು ಹೋದರು. ಸಭೆ ತಲೆ ಆಡಿಸುತ್ತ ಕೂತಿತ್ತು, ಕೆಲವರ ತಲೆ ನಿದ್ದೆಯಲ್ಲಿ ಆಡುತ್ತಿತ್ತು. ನಾನು ಮೊದಲ ಸಾಲಿನಲ್ಲಿದ್ದೆ. ಮಾಮಾ ತಮ್ಮ ಪ್ರೀತಿಯ ಅಲ್ಪೋಕ್ತಿಗೆ ಬಂದರು. ಅದು ಏನು, ಹೇಗೆ ಎಂದು ವಿವರಿಸಿದರು. “ಇದಕ್ಕ ಒಂದು ಉದಾಹರಣೆ ಕೊಡಬೇಕಂದ್ರ...” ಎಂದು ನಿಂತರು. ಎಡಗೈಯಿಂದ ಮೇಜಿನ ಅಂಚನ್ನು ಹಿಡಿದರು. ಹಣೆಯ ಮೇಲೆ ಬೆವರು ಇತ್ತು. ಜನವರಿಯಲ್ಲಿ ಬೆವರು ಏಕೆ ಎಂದು ನನಗೆ ಆಗ ಅನ್ನಿಸಲಿಲ್ಲ, ಈಗ ಅನ್ನಿಸುತ್ತದೆ.

“ಕ್ಷಮಾ ಮಾಡ್ರಿ. ನನ್ನ ಎದಿಯೊಳಗ ಸ್ವಲ್ಪ ಅನಾನುಕೂಲ ಆಗೇತಿ” ಎಂದರು.

ಆಮೇಲೆ ಯಾರೋ ಒಬ್ಬರು ನಕ್ಕರು. ಅವರ ಪಕ್ಕದವರು ನಕ್ಕರು. ಅಲ್ಪೋಕ್ತಿಯ ಉದಾಹರಣೆ ಎಲ್ಲರಿಗೂ ಒಮ್ಮೆಗೇ ಅರ್ಥವಾಯಿತು! ಸಭೆಗೆ ಸಭೆಯೇ ನಕ್ಕಿತು. ಚಪ್ಪಾಳೆ ಬಿತ್ತು. ನಾನೂ ನಕ್ಕೆ.

ಮಾಮಾ ನಮ್ಮನ್ನೆಲ್ಲ ಬೆರಗಾಗಿ ನೋಡಿದರು. ಅವರ ಕಣ್ಣಿನಲ್ಲಿ ಒಂದು ಕ್ಷಣ ಸಂತೋಷವಿತ್ತು, ಇದನ್ನು ನಾನು ಖಚಿತವಾಗಿ ಹೇಳಬಲ್ಲೆ. ಆಮೇಲೆ ಮತ್ತೆ ಬಾಯಿ ತೆರೆದರು.

“ಇಲ್ರಿ, ಖರೇನ. ಎದಿ ಮ್ಯಾಲೆ ಯಾರೋ ಕುಂತಂಗ ಐತಿ. ಮೈಯಿಂದ ಒಂದೀಟು ದಪ್ಪ ಅದಾರ.”

“ವಾಹ್ ಸರ!” ಎಂದು ಒಬ್ಬರು ಮೇಜು ಕುಟ್ಟಿದರು.

ಆಗ ಹಿಂದಿನ ಸಾಲಿನಲ್ಲಿ ಕುರ್ಚಿ ಬಿದ್ದ ಸಪ್ಪಳವಾಯಿತು. ಅತ್ತೆ ಎದ್ದು ಬರುತ್ತಿದ್ದರು. ತುಂಬಿದ ಸಭೆಯಲ್ಲಿ ಎಂದೂ ದನಿ ಎತ್ತದ ಹೆಂಗಸು.

“ಏನ್ ಹಲ್ಲು ಕಿಸಿತೀರಿ? ಮನಷ್ಯಾ ಸಾಯಾಕತ್ಯಾನ!” ಎಂದರು. ಆಮೇಲೆ ನನಗೆ: “ಗಾಡಿ ತೆಗಿ.”

ನಗು ಒಮ್ಮೆಲೇ ನಿಂತಿತು. ಇಬ್ಬರು ಮಾಸ್ತರರು ಮಾಮಾನ ತೋಳು ಹಿಡಿದು ಕಾರಿಗೆ ಹತ್ತಿಸಿದರು. ಕೊಪ್ಪಳದ ದಾರಿ ನನಗೆ ಕಣ್ಣು ಮುಚ್ಚಿದರೂ ಗೊತ್ತು, ಆದರೆ ಅವತ್ತು ಅದು ಬೇರೆ ಯಾವುದೋ ಊರಿನ ದಾರಿಯಾಗಿತ್ತು. ಜೋಳದ ಹೊಲಗಳು ಮುಗಿಯಲೇ ಇಲ್ಲ. ಕನ್ನಡಿಯಲ್ಲಿ ಮಾಮಾನ ತಲೆ ಅತ್ತೆಯ ಭುಜದ ಮೇಲೆ ಕಾಣುತ್ತಿತ್ತು. ಒಂದು ಉಬ್ಬಿನ ಮೇಲೆ ಕಾರು ಹಾರಿ ಬಿತ್ತು.

“ಅಳಿಯಾ, ಈ ರಸ್ತೆ ಬರದಾವ ವಿಡಂಬನಕಾರ” ಎಂದು ಹಿಂದಿನಿಂದ ಸಣ್ಣ ದನಿ ಬಂತು.

“ಬಾಯಿ ಮುಚ್ಚಿಕೊಂಡು ಉಸರಾಡ್ರಿ” ಎಂದರು ಅತ್ತೆ.

ಮೂಗಿನಿಂದಲೋ ಕಿವಿಯಿಂದಲೋ ಎಂದು ಮಾಮಾ ಕೇಳಲಿಲ್ಲ. ಅವರು ಕೇಳದೇ ಇದ್ದದ್ದರಿಂದ ನನಗೆ ನಿಜವಾದ ಭಯ ಹತ್ತಿತು.

ಆಸ್ಪತ್ರೆಯಲ್ಲಿ ಒಬ್ಬ ತರುಣ ವೈದ್ಯರು ಬಂದರು. ಎದೆಗೆ ತಂತಿ ಹಚ್ಚಿಸುತ್ತಲೇ ಕೇಳಿದರು: “ಅಜ್ಜಾರ, ನೋವಿಗೆ ಹತ್ತರಾಗ ಎಷ್ಟು ಕೊಡ್ತೀರಿ? ಒಂದು ಅಂದ್ರ ಕಡಿಮಿ, ಹತ್ತು ಅಂದ್ರ ತಡ್ಕೊಳ್ಳಾಕ ಆಗ್ದಂಗ.”

ಮಾಮಾ ಯೋಚಿಸಿದರು. “ಎರಡು” ಎಂದರು.

“ಹತ್ತು ಬರ್ಕೊಳ್ರಿ” ಎಂದರು ಅತ್ತೆ.

ವೈದ್ಯರು ಪೆನ್ನು ನಿಲ್ಲಿಸಿ ಒಬ್ಬರಾದ ಮೇಲೊಬ್ಬರನ್ನು ನೋಡಿದರು. “ನೋವು ಯಾರಿಗೆ ಐತ್ರಿ?”

“ನೋವು ಅವರಿಗೆ ಐತಿ. ಲೆಕ್ಕಾ ನನಗ ಗೊತ್ತೈತಿ.”

ಅಷ್ಟರಲ್ಲಿ ಯಂತ್ರದಿಂದ ಕಾಗದ ಹೊರಗೆ ಬಂತು. ಅದನ್ನು ನೋಡಿದ ಮೇಲೆ ವೈದ್ಯರು ಇನ್ನೊಂದು ಪ್ರಶ್ನೆ ಕೇಳಲಿಲ್ಲ, ಗಾಲಿಯ ಮಂಚವನ್ನು ಒಳಗೆ ತಳ್ಳಿಸಿಕೊಂಡು ಹೋದರು. ಬಾಗಿಲ ಹೊರಗೆ ನಾನು ಮತ್ತು ಅತ್ತೆ ನಿಂತೆವು. ವೈದ್ಯರು ತಿರುಗಿ ಬಂದಾಗ ಮುಖಗವಸು ಕೆಳಗೆ ಎಳೆದು, “ಪಾರಾದ್ರು. ಸರಿಯಾದ ಹೊತ್ತಿಗೆ ಕರಕೊಂಡು ಬಂದ್ರಿ. ಸಭಾ ಮುಗಿಯಾತನಕ ಕುಂತಿದ್ರ...” ಎಂದು ಅಲ್ಲಿಗೇ ನಿಲ್ಲಿಸಿದರು. ಗೋಡೆಗೆ ಒರಗಿಕೊಂಡು ನಾನು ನಕ್ಕೆನೋ ಕಣ್ಣೀರಿಟ್ಟೆನೋ, ನೆನಪಿಲ್ಲ. ಮನಸ್ಸು ಹಗುರಾದದ್ದಂತೂ ನಿಜ.

ಮರುದಿನ ಮಾಮಾನನ್ನು ಕೋಣೆಗೆ ಕರೆತಂದ ಮೇಲೆ ಯಲಬುರ್ಗಾದ ಮಾಸ್ತರರು ಬಾಳೆಹಣ್ಣು, ಎಳನೀರು ಹಿಡಿದು ಮಾತಾಡಿಸಲು ಬಂದರು. ಮಂಚದ ಸುತ್ತ ತಪ್ಪು ಮಾಡಿದ ವಿದ್ಯಾರ್ಥಿಗಳ ಹಾಗೆ ನಿಂತರು. ಮೇಜು ಕುಟ್ಟಿದವರೇ ಮುಂದೆ ಬಂದು ಕೈ ಮುಗಿದರು.

“ಸರ, ನಾವು ನಕ್ಕಿದ್ದು ಹೊಟ್ಟ್ಯಾಗ ಹಾಕ್ಕೋರಿ.”

“ಛೇ ಛೇ, ಅದರಾಗ ಏನೈತಿ? ಇಡೀ ಜನ್ಮದಾಗ ಒಂದ್ಸಲ ನಕ್ರಿ. ಅದಕ್ಕ ನಾ ಬರೇ ಪ್ರಾಣ ಕೊಡಬೇಕಾತು, ಅಷ್ಟ!”

ಯಾರಿಗೂ ನಗುವ ಧೈರ್ಯವಿಲ್ಲ. ಎಲ್ಲರೂ ಅಪ್ಪಣೆಗಾಗಿ ಎಂಬಂತೆ ಅತ್ತೆಯ ಮುಖ ನೋಡಿದರು. ಅತ್ತೆ, “ಇದಕ್ಕ ನಗಬಹುದ್ರಿ, ಇದು ಖಾಲಿ ಮಾತು, ಒಳಗ ನೋವಿಲ್ಲ” ಎಂದು ಎಳನೀರು ಬಗ್ಗಿಸತೊಡಗಿದರು. ಆಮೇಲೆ ನೋಡಿ, ನರ್ಸ್ ಬಂದು ಗದರುವ ತನಕ ನಕ್ಕರು!

ಅವರೆಲ್ಲ ಹೋದ ಮೇಲೆ ಕೋಣೆಯಲ್ಲಿ ನಾವು ಮೂವರೇ ಉಳಿದೆವು. ಮಧ್ಯಾಹ್ನದ ಹೊತ್ತು. ಅತ್ತೆ ಕುರ್ಚಿಯಲ್ಲಿ ಕುಳಿತವರು ಕುಳಿತಲ್ಲಿಯೇ ನಿದ್ದೆ ಹೋಗಿದ್ದರು. ಯಲಬುರ್ಗಾ ಬಿಟ್ಟ ಮೇಲೆ ಅವರು ಕಣ್ಣು ಮುಚ್ಚಿದ್ದನ್ನು ನಾನು ನೋಡಿದ್ದು ಆಗಲೇ. ತಲೆ ಒಂದು ಕಡೆಗೆ ವಾಲಿತ್ತು. ಕಾಲಲ್ಲಿ ಅವಸರಕ್ಕೆ ಹಾಕಿಕೊಂಡು ಬಂದಿದ್ದ ಯಾರದೋ ಚಪ್ಪಲಿ.

ಎಬ್ಬಿಸಿ ಮಂಚದ ಪಕ್ಕದ ಬೆಂಚಿನ ಮೇಲೆ ಮಲಗಿಸೋಣವೆಂದು ನಾನು ಏಳುತ್ತಿದ್ದೆ. ಮಾಮಾ ಸೂಜಿ ಇಲ್ಲದ ಕೈಯನ್ನು ಎತ್ತಿ ತಡೆದರು. ಬಹಳ ಹೊತ್ತು ಅತ್ತೆಯನ್ನೇ ನೋಡುತ್ತಿದ್ದರು.

“ನಾ ಹೋಗಿದ್ರ, ಆಕಿ ಯಾರ ಮ್ಯಾಲೆ ಸಿಟ್ಟಾಗತಿದ್ಲೋ?”

ಮಾಮಾನ ಮಾತಿಗೆ ಒಂದು ತಮಾಷೆಯ ಬಾಲ ಇರುತ್ತದೆ, ಅದು ಯಾವಾಗಲೂ ತಡವಾಗಿ ಬರುತ್ತದೆ. ನಾನು ಕಾದೆ. ಬರಲಿಲ್ಲ. ಕಿಟಕಿಯ ಮೇಲಿನ ಎ.ಸಿ. ಹಳೆಯದು, ಶಬ್ದ ಮಾಡುತ್ತಿತ್ತೇ ಹೊರತು ಗಾಳಿ ಅಷ್ಟೇನೂ ತಣ್ಣಗಿರಲಿಲ್ಲ. ಮಾಮಾ ತಮ್ಮ ಮೈಮೇಲಿನ ಚಾದರವನ್ನು ಒಂದೇ ಕೈಯಿಂದ ಎಳೆದು, ಮುದ್ದೆ ಮಾಡಿ, ನನ್ನ ಕಡೆಗೆ ನೂಕಿದರು.

“ಆಕಿಗೆ ಹೊಚ್ಚು” ಎಂದರು. “ಭಾಳ ಥಂಡಿ ಐತಿ.”