ಹೊಳೆದಂಡೆಯ ಹೆಣ

ಹೆಣ ನೊಣ ಹೊಡೆದದ್ದೇ ಎಲ್ಲಕ್ಕೂ ಮೂಲ.

ಯಾರೂ ನೋಡದ ಕೆಟ್ಟ ಸಿನಿಮಾಗಳನ್ನು ಹುಡುಕಿ ನೋಡಿ ಯೂಟ್ಯೂಬಿನಲ್ಲಿ ಬೈಯುವುದು ಸಾಂಗ್ಲಿವಾಡಿಯ ಅಮಸಿದ್ದನ ಚಟ. ಹನ್ನೆರಡು ವರ್ಷದ ಹಿಂದೆ ಮ್ಹೈಸಾಳದ ಹೊಳೆದಂಡೆಯಲ್ಲಿ ತೆಗೆದು, ಮಿರಜಿನಲ್ಲಿ ಎರಡೇ ದಿನ ಓಡಿದ ಸಿನಿಮಾವೊಂದು ಅವನಿಗೆ ಸಿಕ್ಕಿತ್ತು. ಅದರಲ್ಲಿ ನಾಯಕಿ ಎದೆ ಬಡಿದುಕೊಂಡು ಅಳುವಾಗ, ಮುಖದ ತುಂಬ ಕಂಬಳಿ ಹೊದ್ದ ಹೆಣ ಕೈ ಎತ್ತಿ ನೊಣ ಹೊಡೆಯುತ್ತದೆ. "ಇಡೀ ಪಿಕ್ಚರಿನ್ಯಾಗ ಜೀವ ಇದ್ದವ ಇವನೊಬ್ಬನ," ಎಂದು ಅಮಸಿದ್ದ ಅಂದು ಬೆಳಿಗ್ಗೆಯಷ್ಟೇ ಹೇಳಿ ವೀಡಿಯೊ ಹಾಕಿದ್ದ.

ಅಂದೇ ಅವನ ಮಗಳು ಮನಿಷಾಳನ್ನು ನೋಡಲು ಮ್ಹೈಸಾಳದ ಧೋಂಡಿಬಾ, ಹೆಂಡತಿ ಕೃಷ್ಣವ್ವ ಮತ್ತು ಮಗ ಅಮಿತನ ಜೊತೆ ಬರುವವನಿದ್ದ. ಹಿಂದಿನ ಮೂರು ಸಂಬಂಧ ಅಮಸಿದ್ದನ ನಾಲಿಗೆಯಿಂದಲೇ ತಪ್ಪಿದ್ದವು. ಈ ಹುಡುಗ ಮಾತ್ರ ಮನಿಷಾಳ ಮನಸ್ಸಿಗೆ ಬಂದಿದ್ದ.

"ಇವತ್ತ ಚಹಾ ಕುಡಿಯಾಕಷ್ಟ ಬಾಯಿ ತೆಗೀರಿ," ಎಂದು ಹೆಂಡತಿ ಸಾವಂತ್ರವ್ವ ತಾಕೀತು ಮಾಡಿದಳು.

ಬೀಗರು ಬಂದು ಕುಳಿತ ಮೇಲೂ ಅವನು ಬೇರೆ ಮಾತಿಗೆ ಬಾಯಿ ತೆಗೆಯಲಿಲ್ಲ. ಪಕ್ಕದ ಮನೆಯ ನೀಲಾಬಾಯಿ ಬಟ್ಟಲು ಕೊಡುವ ನೆಪದಲ್ಲಿ ಬಂದವಳು ಕುಳಿತೇಬಿಟ್ಟು, ಬೀಗರ ಮುಂದೆ ಮೊಬೈಲು ಹಿಡಿದಳು. "ನಮ್ಮ ಅಮಸಿದ್ದ ಕಾಕಾ ಭಾಳ ಫೇಮಸ್ ಅದಾರ್ರಿ. ನಿಮ್ಮೂರ ಪಿಕ್ಚರಿಗೂ ಬೈದಾರ, ನೋಡ್ರಿ."

ಹೆಣ ನೊಣ ಹೊಡೆಯಿತು. ಧೋಂಡಿಬಾ ಇನ್ನೊಮ್ಮೆ ಹಾಕಿಸಿದ. ಮತ್ತೊಮ್ಮೆ ಹಾಕಿಸಿದ. ಅಮಸಿದ್ದ ಉಣ್ಣೆ ಕತ್ತರಿಸಿದ ಕುರಿಯಂತೆ ಕುಗ್ಗಿ ಕುಳಿತ.

"ಈ ಹೆಣ ಯಾರು, ಗೊತ್ತೈತೇನ್ರಿ?"

"ತಪ್ಪಾತ್ರಿ ಬೀಗರ..."

"ನಾನ. ಇಷ್ಟು ವರ್ಷ ಹೊಟ್ಟ್ಯಾಗ ಇಟ್ಕೊಂಡಿದ್ದೆ. ಜೀವ ಇದ್ದವ ಅಂತ ನೀವು ಹೊಗಳಿದ ಮ್ಯಾಲೆ ಹೇಳದ ಹೆಂಗ ಇರಲಿ? ಈ ಸಂಬಂಧ ಪಕ್ಕಾ ಅಂತ ತಿಳೀರಿ."

ಸಾವಂತ್ರವ್ವ ಸಕ್ಕರೆ ತರಲು ಎದ್ದಳು. ಖುಷಿಗೆ ಧೋಂಡಿಬಾನ ಮಾತು ನಿಲ್ಲಲಿಲ್ಲ. "ಶೂಟಿಂಗ್ ಬನದ ಹುಣ್ಣಿಮಿ ಮರುದಿನ ನೋಡ್ರಿ. ಮುಂಜಾನಿಂದ ಸಂಜೀತನಕ ಮಲಗಿಸಿದ್ರು."

ಕೃಷ್ಣವ್ವ ಚಹಾದ ಬಸಿ ಕೆಳಗಿಟ್ಟಳು.

"ಅವತ್ತ ನಮ್ಮವ್ವನ್ನ ಮಣ್ಣು ಮಾಡಿದ ದಿನ. ನಿಮಗ ಜ್ವರ ಬಂದಿತ್ತು. ಏಳಾಕ ಬರಲಿಲ್ಲ ಅಂದಿದ್ರಿ."

"ಏಳಾಕ ಬಿಡಲಿಲ್ಲ, ಅದು ಖರೇನ," ಎಂದ ಧೋಂಡಿಬಾ ಸಣ್ಣ ದನಿಯಲ್ಲಿ.

ನೀಲಾಬಾಯಿ ಮೊಬೈಲು ಆರಿಸಿದಳು.

"ಹುಡುಗಿ ನನಗ ಒಪ್ಪಿಗಿ," ಎಂದಳು ಕೃಷ್ಣವ್ವ. "ಆದರ ಇವರ ಸೂತಕ ಇವತ್ತಿಂದ ಚಾಲು. ವರ್ಷ ತುಂಬೂತನಕ ನಮ್ಮ ಮನ್ಯಾಗ ಲಗ್ನದ ಮಾತಿಲ್ಲ. ತಲಿ ಮ್ಯಾಲಿನ ರುಮಾಲ ತಗೀರಿ."

ಧೋಂಡಿಬಾ ರುಮಾಲು ತೆಗೆದು ಗೋಡೆಗೆ ಒರಗಿ ಕುಳಿತ. ಅಮಿತ ನೆಲ ನೋಡಿದ. ಒಳಬಾಗಿಲಲ್ಲಿ ನಿಂತಿದ್ದ ಮನಿಷಾ ಅಪ್ಪನನ್ನು ನೋಡಿದಳು. ಅವನು ಗೋಡೆ ನೋಡಿದ. ಕೃಷ್ಣವ್ವ ಸೆರಗು ಮುಚ್ಚಿಕೊಂಡು, ಅವ್ವನ ಹೆಸರು ಹಿಡಿದು, ದನಿ ತೆಗೆದು ಅತ್ತಳು.

ಅಳು ಕೇಳಿದ ಓಣಿಯವರು ಒಬ್ಬೊಬ್ಬರಾಗಿ ಬಂದು, ಚಪ್ಪಲಿ ಹೊರಗೆ ಬಿಟ್ಟು, ತಲೆ ತಗ್ಗಿಸಿ ಕುಳಿತರು. ಮುದುಕ ಬಾಪೂಸಾಹೇಬ ಅಮಸಿದ್ದನ ಹೆಗಲ ಮೇಲೆ ಕೈಯಿಟ್ಟ.

"ಯಾರು ಹೋದ್ರೋ?"

"ಬೀಗರ ಅತ್ತಿ."

"ಪಾಪ. ಮಣ್ಣು ಎಷ್ಟೊತ್ತಿಗೆ?"

"ಹನ್ನೆರಡು ವರ್ಷ ಆತ್ರಿ," ಎಂದ ಅಮಸಿದ್ದ.