ಸಡಿಲಾದ ಎರಡು ಬೋಲ್ಟು

ಗ್ಯಾರೇಜ್ ಮುಚ್ಚಿದ್ರ ಫಜೀತಿನೂ ಮುಗೀತಾವ ಅಂದ್ಕೊಂಡಿದ್ದೆ. ಎಲ್ಲೀದ್ರಿ! ಪುಣೆದ ಕೊಂಢವಾದಾಗ ನಾನೂ ನನ್ನ ಧಾರವಾಡದ ದೋಸ್ತನೂ ಮೂವತ್ತು ವರ್ಷ ಪಾಲಿನಾಗ ನಡೆಸಿದ ಗ್ಯಾರೇಜು. ಈಗ ಅಲ್ಲಿ ದೊಡ್ಡ ಬಿಲ್ಡಿಂಗ್ ಎದ್ದದ. ದೋಸ್ತ ಬಾರಾಮತಿಗೆ ಮಗಳ ಮನಿಗೆ ಹೋದ. ನಾನು ಬಾಲ್ಕನ್ಯಾಗ ಕೂತು, ರಸ್ತೆದಾಗ ಹೋಗೋ ಗಾಡಿ ಸಪ್ಪಳ ಕೇಳಿ, "ಇದರ ಸೈಲೆನ್ಸರ್ ಹೋಗೇದ" ಅಂತ ಗ್ವಾಡಿಗೆ ಹೇಳ್ತಿದ್ದೆ. ಇದನ್ನ ನೋಡಲಾರದ ಸೊಸಿ ಕಂಪ್ಯೂಟರಿನಾಗ ಕಾರ್ ರಿಪೇರಿ ಆಟ ಹಾಕಿಕೊಟ್ಟಳು.

ತುಕ್ಕು

ಆಟದಾಗ ಈಗ ಹಳೇ ಗಾಡಿ ತುಕ್ಕೂ ತಿಕ್ಕಿ ತಗೀಬಹುದು. ಎರಡು ತಾಸು ತಿಕ್ಕಿದೆ. ಊಟಕ್ಕ ಎದ್ದಾವ ಸೀದಾ ಬಚ್ಚಲಕ್ಕ ಹೋಗಿ, ಸೋಪಿನ ಪುಡಿ ಹಚ್ಚಿ ಮೊಣಕೈತನಕ ತೊಳಕೊಂಡೆ. ಕೈ ಮೂಸಿದೆ. ಗ್ರೀಸಿನ ವಾಸನೀನ ಇಲ್ಲ! ಭಾಳ ಕೆಟ್ಟ ಅನಿಸ್ತು.

ಹೆಂಡತಿ ಬಾಗಲದಾಗ ನಿಂತು ಕೇಳಿದಳು: "ಟವೆಲ್ ಕೊಡ್ಲ್ಯೋ, ಗಾಡಿ ಒರಸೋ ಹಳೇ ಬಟ್ಟಿ ಕೊಡ್ಲ್ಯೋ?"

ಗಿರಾಕಿ

ಆಟದಾಗ ಗಿರಾಕಿ ಗಾಡಿ ಬಿಟ್ಟು ಸುಮ್ಮನ ಹೋಗ್ತಾನ. ನಮ್ಮ ಪುಣೆ ಗಿರಾಕಿ ಹಂಗೇನು? ಬೆನ್ನ ಹಿಂದ ನಿಂತು ತಾಸಿಗೆ ಹತ್ತು ಸಲ "ಝಾಲಂ ಕಾ?", ಆತೇನು, ಅಂತ ಜೀವ ತಿಂತಿದ್ದ. ಆಗ ಬೈತಿದ್ದೆ, ಈಗ ಅದೂ ಬೇಕನಸ್ತದ.

ಒಂದಿನ ಅಡಗಿಮನಿಯಿಂದ ಹೆಂಡತೀನ ಕೂಗಿದಳು: "ಝಾಲಂ ಕಾ? ರೊಟ್ಟಿ ಆರಾಕತ್ತಾವ!"

ಮೈಮರತು ಅಂದೆ: "ಪಾಚ್ ಮಿನಿಟಾಂತ, ಸಾಹೇಬ್!"

ಇಬ್ಬರ ಆಟ

"ಮಾವಾರ, ಹೊಸ ಅಪ್‌ಡೇಟ್ ಬಂದದ. ಬ್ಯಾರೆ ಊರಾಗಿದ್ರೂ ಇಬ್ಬರು ಕೂಡಿ ಒಂದೇ ಗಾಡಿ ಮಾಡಬಹುದು" ಅಂದಳು ಸೊಸಿ. ತಡಾ ಮಾಡದ ಬಾರಾಮತಿಗೆ ಫೋನ್ ಹಚ್ಚಿದೆ.

ದೋಸ್ತ ಗೊಣಗಿದ: "ಒಂದೇ ಗಾಡಿ ಮುಗಿಸಿಕೊಡ್ತೀನಿ. ಆಮ್ಯಾಲೆ ಕರೀಬ್ಯಾಡ."

ದಿನಾ ಸಂಜೀಕ ಆಟದಾಗ ಬಂದು, "ಹಂಗ ಬಿಗೀಬ್ಯಾಡಲೇ, ಕತ್ತಿ!" ಅಂತ ಬೈತಿದ್ದ. ಹಂಗ ಬೈಸ್ಕೊಂಡು ಎರಡು ವರ್ಷ ಆಗಿತ್ತು, ಜೀವಕ್ಕ ಹಾಯೆನಿಸ್ತು. ಆದ್ರ ಎಂಟೇ ದಿನದಾಗ ಗಾಡಿ ತಯಾರಾತು. ನಾಳೆ ಇಂವ ಬರಂಗಿಲ್ಲಲ್ಲಪಾ ಅನಿಸ್ತು. ಅವ ಆಟ ಮುಚ್ಚಿದ ಮ್ಯಾಲೆ ಮೆಲ್ಲಕ ಮುಂದಿನ ಗಾಲೀದೊಂದು ಬೋಲ್ಟು ಸಡಿಲ ಮಾಡಿದೆ. ಮರುದಿನ "ಗಾಡಿ ಖಡಖಡ ಅಂತದಲೇ" ಅಂದೆ. ಬೈಕೋತ ಬಂದ.

ತಿಂಗಳುಗಟ್ಟಲೆ ಹಿಂಗ ನಡೀತು. ಒಂದೇ ವಿಚಿತ್ರ: ನಾ ಸಡಿಲ ಮಾಡೋದು ಒಂದು, ಮರುದಿನ ನೋಡಿದ್ರ ಎರಡು! ಆಟಾನ ಕೆಟ್ಟದ ಅಂತ ಸೊಸಿಗೆ ತೋರಿಸಿದೆ.

ಆಕಿ ನೋಡಿ ನಕ್ಕಳು. "ಯಾರು ಏನು ಬಿಚ್ಚಿದ್ರು ಅಂತ ಇದರಾಗ ಬರತದರೀ. ಮುಂದಿನ ಗಾಲಿ ನೀವು. ಹಿಂದಿನ ಗಾಲಿ ಬಾರಾಮತಿ ಕಾಕಾ."

ಸಿಟ್ಟೋ ಖುಷಿಯೋ ತಿಳೀವಲ್ದು. ಫೋನ್ ಮಾಡಿ, "ಏನಲೇ ಇದು ಕಳ್ಳತನ?" ಅಂದೆ.

ಅವ ನನ್ನ ಮ್ಯಾಲೇ ಏರಿ ಬಂದ: "ನಿನ್ನ ಭರೋಸಾ ಏನಲೇ? ಒಂದಿನ ಸಡಿಲ ಮಾಡೋದು ಮರತೀ ಅಂದ್ರ?"