ಕುಂಟಿದರೆ ನೋಡಬಾರದು

ಸಾಕುನಾಯಿ ಬಟಾಣಿ ಕುಂಟತೊಡಗಿದ ಮೇಲೆಯೇ ಕನ್ನಡಕದವರಿಗೆ ನೆರೆಹೊರೆ ಅಂತ ಒಂದು ಹುಟ್ಟಿದ್ದು.

ಅದಕ್ಕೆ ಮುಂಚೆ ಅವರಿಗಿದ್ದದ್ದು ಮೆಟ್ಟಿಲು ಮಾತ್ರ. ಕನ್ನಡಕದ ಅಂಗಡಿಯ ಹಿಂದಿನ ಕೋಣೆಯಲ್ಲಿ ಹಗಲೆಲ್ಲ ಗಾಜು ಉಜ್ಜುವುದು, ಸಂಜೆ ಮೇಲಿನ ಮಹಡಿಯ ಒಂಟಿ ಕೋಣೆಗೆ ಹತ್ತಿಹೋಗುವುದು. ಊರವರಿಗೆಲ್ಲ ಕಣ್ಣು ಕೊಟ್ಟ ಮನುಷ್ಯ ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ. ನಾಯಿ ಹಿಂಗಾಲು ಎತ್ತಿಕೊಂಡಿದ್ದೇ ತಡ, ಬಾಗಿಲುಗಳು ತೆರೆದವು. ಕೆಳಮನೆಯ ಹೊಲಿಗೆಯಮ್ಮ ಶಾಖ ಕೊಡಿ ಎಂದರು. ಎದುರುಮನೆಯ ಮೇಷ್ಟ್ರು, ಶಾಖ ಕೊಟ್ಟರೆ ಕಾಲೇ ಹೋದೀತು, ಮಂಜುಗಡ್ಡೆ ಇಡಿ ಎಂದರು. ಇಬ್ಬರ ಜಗಳದ ನಡುವೆ ಬಟಾಣಿಗೆ ಬಿಸ್ಕತ್ತು, ಕನ್ನಡಕದವರಿಗೆ ಒಂದು ಲೋಟ ಕಾಫಿ ಸಿಕ್ಕಿತು. ಎಷ್ಟೋ ವರ್ಷಗಳ ಮೇಲೆ ಯಾರೋ ಅವರಿಗೆ ಕೂತ್ಕೊಳ್ಳಿ ಎಂದಿದ್ದರು. ನಾಯಿಗೆ ಬೇಗ ವಾಸಿಯಾಗದಿರಲಿ ಎಂದು ಅವರ ಮನಸ್ಸು ಕಳ್ಳತನದಲ್ಲಿ ಬೇಡಿಕೊಂಡಿತು.

ಆದರೆ ಒಂದು ಬೆಳಿಗ್ಗೆ ಇಡೀ ಕಟ್ಟಡ ಒಂದಾಗಿ ಅವರನ್ನು ಪಶುವೈದ್ಯರ ಬಳಿ ದಬ್ಬಿತು.

ಡಾಕ್ಟರಮ್ಮ ಕಾಲನ್ನು ಒತ್ತಿ, ಮಡಿಸಿ ನೋಡಿದರು. ಆಮೇಲೆ ಕನ್ನಡಕದವರನ್ನು ಹೊರಗೆ ಕರೆದುಕೊಂಡು ಹೋಗಿ ಬಾಗಿಲ ಸಂದಿಯಿಂದ ಇಣುಕಲು ಹೇಳಿದರು. ಒಳಗೆ ಬಟಾಣಿ ನಾಲ್ಕೂ ಕಾಲಲ್ಲಿ ಓಡಾಡಿ, ಕುರ್ಚಿ ಮೇಲೆ ಹಾರಿ ಕೂತಿತ್ತು. ಬಾಗಿಲು ತೆರೆದ ಕೂಡಲೇ ಇಳಿದು ಕಾಲೆತ್ತಿತು. ಅವಸರದಲ್ಲಿ ಎತ್ತಿದ್ದು ಇನ್ನೊಂದು ಕಾಲು.

"ಕಾಲಲ್ಲಿ ಏನೂ ಇಲ್ಲ. ಒಂಟಿ ಅಲ್ವಾ, ಯಾರಾದ್ರೂ ನೋಡ್ಲಿ ಅಂತ ಕುಂಟೋದು" ಎಂದರು ಡಾಕ್ಟರಮ್ಮ. "ಕುಂಟಿದಾಗ ತಿರುಗಿಯೂ ನೋಡ್ಬೇಡಿ. ನೆಟ್ಟಗೆ ನಡೆದಾಗ ಮಾತಾಡ್ಸಿ."

ಯಾರ ವಿಷಯ ಹೇಳುತ್ತಿದ್ದಾರೆಂದು ಕನ್ನಡಕದವರಿಗೆ ಒಂದು ಗಳಿಗೆ ಗೊತ್ತಾಗಲಿಲ್ಲ.

ಹಿಂದಿರುಗಿದಾಗ ಹೊಲಿಗೆಯಮ್ಮ ಮೆಷಿನ್ನಿನಿಂದ ತಲೆಯೆತ್ತದೆ, ಏನಂದ್ರು ಎಂದು ಕೇಳಿದರು.

"ಒಂಟಿತನಕ್ಕೆ ಹಾಗಾಗತ್ತಂತೆ. ಕುಂಟಿದ್ರೆ ಯಾರೂ ನೋಡಬಾರದಂತೆ" ಎಂದಷ್ಟೇ ಹೇಳಿ ಕನ್ನಡಕದವರು ಕೆಲಸಕ್ಕೆ ಹೋದರು. ಮಧ್ಯಾಹ್ನದೊಳಗೆ ಆ ಮಾತು ಎಲ್ಲ ಮನೆಗಳಿಗೂ ತಲುಪಿತು.

ಸಂಜೆ ಬಟಾಣಿಯನ್ನು ತಿರುಗಾಡಿಸಿಕೊಂಡು ಬರುವಾಗ ಯಾರೋ ಒರೆಸಿದ್ದ ಮೆಟ್ಟಿಲ ಮೇಲೆ ಕನ್ನಡಕದವರ ಕಾಲು ಜಾರಿತು. ಪಾದ ಉಳುಕಿ ಜೀವ ಹೋದಂತಾಯಿತು. ಕಂಬಿ ಹಿಡಿದು ಕುಂಟುತ್ತಾ ಎದ್ದರು. ಸದ್ದಿಗೆ ಹೊರಬಂದ ಮೇಷ್ಟ್ರು ಅವರ ಕಾಲು ನೋಡಿದರು, ನಾಯಿಯ ಕಾಲು ನೋಡಿದರು. ಬಿದ್ದ ಯಜಮಾನನನ್ನು ಕಂಡ ಗಾಬರಿಗೆ ಅದು ಕುಂಟುವುದನ್ನೇ ಮರೆತಿತ್ತು. ಮೇಷ್ಟ್ರು ಗೋಡೆಯ ಸುಣ್ಣ ನೋಡುತ್ತಾ ನಿಂತರು.

"ಮೇಷ್ಟ್ರೇ, ಸ್ವಲ್ಪ ಕೈ ಕೊಡಿ."

ಮೇಷ್ಟ್ರು ಒಳಗೆ ಹೋದರು, ಬಾಗಿಲು ಮುಚ್ಚಿತು. ಕನ್ನಡಕದವರು ಹೊಲಿಗೆಯಮ್ಮನ ಬಾಗಿಲು ಬಡಿದರು. "ಅಮ್ಮಾ, ಅದು ನಾಯಿಗೆ ಹೇಳಿದ್ದು."

"ನಾಯಿ ನೆಟ್ಟಗೇ ಇದೆಯಲ್ಲ" ಎಂದಿತು ಒಳಗಿನ ದನಿ. ಅದರಲ್ಲಿ ನಿಜವಾದ ಮರುಕವಿತ್ತು. "ಬೇಜಾರು ಮಾಡ್ಕೋಬೇಡಿ. ನಿಮ್ಮ ಒಳ್ಳೇದಕ್ಕೇ ಎಲ್ಲರೂ ಮನಸ್ಸು ಗಟ್ಟಿ ಮಾಡ್ಕೊಂಡಿದ್ದೀವಿ. ಸರಿಯಾಗಿ ನಡೀರಿ, ಆಮೇಲೆ ಕಾಫಿ ಕೊಡ್ತೀನಿ."

ಬಾಗಿಲ ಸಂದಿಯಿಂದ ಒಂದು ಕೈ ಮಾತ್ರ ಹೊರಬಂತು. ನಾಲ್ಕೂ ಕಾಲೂರಿ ನಿಂತಿದ್ದ ಬಟಾಣಿಗೆ ಬಿಸ್ಕತ್ತು ಸಿಕ್ಕಿತು.